ವಿವಾಹಮಂಟಪದಲ್ಲಿ ಅಪರಿಚಿತ: ಅತಿಥಿಯ ಸಂಗಾತಿಯ ಸ್ಥಾನವನ್ನು ಕುರಿತು ಒಂದು ವಿವೇಚನೆ

ಮದುವೆಗೆ ಆಹ್ವಾನಿತರಾದವರ ಜೊತೆಯಲ್ಲಿ, ಅವರ ಪತಿಯೋ ಪತ್ನಿಯೋ ಮಿತ್ರರೋ ಆಗಿ, ವಧೂವರರ ಪರಿಚಯವಾಗಲಿ ಅವರ ಬಂಧುಬಳಗದ ಪರಿಚಯವಾಗಲಿ ಲೇಶವೂ ಇಲ್ಲದೆ ಹೋಗಬೇಕಾದ ಪ್ರಸಂಗ ನಮ್ಮಲ್ಲಿ ಬಹುಮಂದಿಗೆ ಒಂದಲ್ಲ ಒಂದು ಸಲ ಒದಗುತ್ತದೆ. ಪ್ರಕೃತ ಲೇಖಕನಿಗೂ ಪತ್ನಿಯ ಸಹೋದ್ಯೋಗಿಯೊಬ್ಬರ ಮದುವೆಯಲ್ಲಿ ಅದು ಒದಗಿತ್ತು. ಪತ್ನಿ ವಧುವನ್ನು ಕಾಣಲು ಒಳಗೆ ಹೋದಾಗ, ಪಕ್ಕದ ಕುರ್ಚಿಯಲ್ಲಿದ್ದ ಹಿರಿಯರೊಬ್ಬರು, “ತಾವು ಗಂಡಿನ ಕಡೆಯವರೋ, ಹೆಣ್ಣಿನ ಕಡೆಯವರೋ?” ಎಂದು ಕೇಳಿದರು. ಎರಡೂ ಅಲ್ಲವೆಂದು ಉತ್ತರ ಕೊಟ್ಟಾಗ, ಮುಂದೆ ಏನು ಕೇಳಬೇಕೆಂದು ತೋಚದೆ, “ಊಟವಾಯಿತೆ?” ಎಂದು ವಿಚಾರಿಸಿ ಸುಮ್ಮನಾದರು.

ಆ ಹಿರಿಯರ ಪ್ರಶ್ನೆಯಲ್ಲಿ ವಿವಾಹಸಂಸ್ಥೆಯನ್ನು ಕುರಿತ ಒಂದು ದೃಢವಾದ ಕಲ್ಪನೆ ಅಡಗಿದೆ. ಮದುವೆಯೆಂದರೆ ಎರಡು ಪಕ್ಷಗಳ ಕೂಟ. ಅಲ್ಲಿಗೆ ಬಂದವರೆಲ್ಲರೂ ಒಂದಲ್ಲ ಒಂದು ಪಕ್ಷಕ್ಕೆ ಸೇರಿರಲೇಬೇಕು. ಹಾಗಾದರೆ ಯಾವ ಪಕ್ಷಕ್ಕೂ ಸೇರದೆ ಕೇವಲ ಅತಿಥಿಯ ಅತಿಥಿಯಾಗಿ ಬಂದವನಿಗೆ ಅಲ್ಲಿ ಸ್ಥಾನವೇನು? ಅವನು ಕೇವಲ ಸೌಜನ್ಯಕ್ಕಾಗಿ ಸಹಿಸಲ್ಪಡುವ ಹೆಚ್ಚಿನ ಮನುಷ್ಯನೆ, ಅಥವಾ ಅವನಿಂದ ನೆರವೇರತಕ್ಕ ಕಾರ್ಯವೊಂದಿದೆಯೆ? ಈ ಪ್ರಶ್ನೆಯನ್ನು ಐತಿಹಾಸಿಕ ದೃಷ್ಟಿಯಿಂದ ಪರಿಶೀಲಿಸುವುದು ಈ ಲೇಖನದ ಉದ್ದೇಶ. ಇಂಥ ವ್ಯಕ್ತಿಗೆ ಪ್ರತ್ಯೇಕವಾದ ಹೆಸರನ್ನು ಕೊಟ್ಟು, ಅವನ ವಿಷಯವಾಗಿ ವಿಸ್ತಾರವಾಗಿ ಚರ್ಚಿಸಿದವರು ಪ್ರಾಚೀನ ಗ್ರೀಕರು ಮತ್ತು ರೋಮನರು. ಆದಕಾರಣ ಮೊದಲು ಅವರ ಗ್ರಂಥಗಳನ್ನು ನೋಡಿ, ಅನಂತರ ನಮ್ಮ ನಾಡಿನ ಪದ್ಧತಿಗೆ ಬರುವುದು ಯುಕ್ತ.

೧. ‘ನೆರಳು’ ಎಂಬ ಹೆಸರು

ಆಹ್ವಾನಿತನು ತನ್ನೊಡನೆ ಕರೆತಂದ ಅನಾಹ್ವಾನಿತನನ್ನು ರೋಮನರು ‘ಉಂಬ್ರಾ’ ಎಂದು ಕರೆಯುತ್ತಿದ್ದರು. ಲ್ಯಾಟಿನ್ ಭಾಷೆಯಲ್ಲಿ ಈ ಶಬ್ದಕ್ಕೆ ನೆರಳು ಎಂದು ಅರ್ಥ. ದೇಹವನ್ನು ನೆರಳು ಅನುಸರಿಸುವಂತೆ ಅತಿಥಿಯನ್ನು ಇವನು ಅನುಸರಿಸಿ ಬರುತ್ತಾನೆಂಬುದು ಹೆಸರಿನ ಭಾವ. ಊಟದ ಆಸೆಯಿಂದ ತಾನಾಗಿಯೇ ನುಗ್ಗುವ ಪರಾನ್ನಜೀವಿಗೂ ಇವನಿಗೂ ವ್ಯತ್ಯಾಸವಿದೆ. ಪರಾನ್ನಜೀವಿಗೆ ಯಾರ ಆಧಾರವೂ ಇಲ್ಲ. ನೆರಳಿಗೆ ಕರೆತಂದವನ ಗೌರವವೇ ಆಧಾರ.

ಕ್ರಿ. ಪೂ. ೩೦ರ ಸುಮಾರಿನಲ್ಲಿ ಹೊರೇಸ್ ಕವಿಯು ತನ್ನ ವಿಡಂಬನ ಕಾವ್ಯದ ಎರಡನೆಯ ಪುಸ್ತಕದ ಕೊನೆಯಲ್ಲಿ ನಸಿಡೀನಸ್ ಎಂಬ ಧನಿಕನ ಔತಣವೊಂದನ್ನು ವರ್ಣಿಸಿದ್ದಾನೆ. ಮೂರು ಮಂಚಗಳ ಮೇಲೆ ಮೂವರಂತೆ ಒಟ್ಟು ಒಂಬತ್ತು ಮಂದಿ. ಅವರಲ್ಲಿ ವಿಬಿಡಿಯಸ್ ಮತ್ತು ಸರ್ವಿಲಿಯಸ್ ಬಲಾಟ್ರೋ ಎಂಬಿಬ್ಬರು ಪ್ರಭಾವಶಾಲಿಯಾದ ಮೀಸಿನಸ್‌ನ ನೆರಳುಗಳಾಗಿ ಬಂದವರು. ಇವರು ದೊಡ್ಡ ಪಾತ್ರೆಗಳನ್ನು ತರಿಸಿಕೊಂಡು ಮನಬಂದಂತೆ ಮದ್ಯವನ್ನು ಕುಡಿಯುತ್ತಾರೆ. ಮೇಲೆ ಕಟ್ಟಿದ್ದ ಪರದೆ ಧೂಳಿನೊಡನೆ ಕಳಚಿ ಭಕ್ಷ್ಯಗಳ ಮೇಲೆ ಬಿದ್ದಾಗ ಬಲಾಟ್ರೋ ಸಾಂತ್ವನದ ಸೋಗಿನಲ್ಲಿ ಗೃಹಸ್ಥನನ್ನು ಹಾಸ್ಯಮಾಡುತ್ತಾನೆ. ಉಪ್ಪಿನ ಋಣವಿಲ್ಲದ ನೆರಳು ಹೇಗಿರಬಲ್ಲದೆಂಬುದಕ್ಕೆ ಇದು ಒಂದು ನಿದರ್ಶನ.

ಇದಕ್ಕೆ ಪ್ರತಿಯಾದ ನಿದರ್ಶನ ಪ್ಲೇಟೋವಿನ ‘ಸಿಂಪೋಸಿಯಂ’ ಎಂಬ ಸಂವಾದದಲ್ಲಿದೆ. ಕ್ರಿ. ಪೂ. ೪೧೬ರಲ್ಲಿ ಅಗಾಥಾನ್ ಎಂಬ ತರುಣ ನಾಟಕಕಾರನು ಸ್ಪರ್ಧೆಯಲ್ಲಿ ಜಯಗಳಿಸಿ ಔತಣವೇರ್ಪಡಿಸಿದಾಗ, ಸಾಕ್ರಟೀಸನು ದಾರಿಯಲ್ಲಿ ಕಂಡ ಅರಿಸ್ಟೋಡೆಮಸ್ ಎಂಬವನನ್ನು ಕರೆಯಿಲ್ಲದಿದ್ದರೂ ತನ್ನೊಡನೆ ಬರಲು ಒಪ್ಪಿಸುತ್ತಾನೆ. ಆದರೆ ಸಾಕ್ರಟೀಸನು ಯೋಚನಾಮಗ್ನನಾಗಿ ಹಿಂದೆ ಉಳಿದು ನೆರೆಮನೆಯ ಮುಖಮಂಟಪದಲ್ಲಿ ನಿಂತುಬಿಡುತ್ತಾನೆ. ಇತ್ತ ಅರಿಸ್ಟೋಡೆಮಸ್ ತೆರೆದ ಬಾಗಿಲಿನಲ್ಲಿ ಒಬ್ಬನೇ ನಿಂತು, ತಿರುಗಿ ನೋಡಿದರೆ ಕರೆತಂದವನೇ ಇಲ್ಲ! ಅತಿಥಿಯ ಸಂಗಾತಿಗೆ ಒದಗುವ ಸಂಕೋಚವನ್ನು ಇದಕ್ಕಿಂತ ಚೆನ್ನಾಗಿ ಚಿತ್ರಿಸುವುದು ಕಷ್ಟ. ಅಗಾಥಾನನು ಮಾತ್ರ ಅವನನ್ನು ಆದರದಿಂದ ಬರಮಾಡಿಕೊಂಡು, ಹಿಂದಿನ ದಿನವೇ ಕರೆಯಬೇಕೆಂದು ಹುಡುಕಿದರೂ ಸಿಕ್ಕಲಿಲ್ಲವೆಂದು ಹೇಳಿ, ವೈದ್ಯನಾದ ಎರಿಕ್ಸಿಮಾಕಸ್‌ನ ಪಕ್ಕದಲ್ಲಿ ಕುಳ್ಳಿರಿಸುತ್ತಾನೆ.

ಇಲ್ಲಿ ಗಮನಿಸಬೇಕಾದ ಮುಖ್ಯ ಸಂಗತಿ ಬೇರೊಂದಿದೆ. ಆ ರಾತ್ರಿಯ ಭಾಷಣಗಳನ್ನೆಲ್ಲ ಕೇಳಿ, ನೆನಪಿನಲ್ಲಿಟ್ಟುಕೊಂಡು ಮುಂದಿನವರಿಗೆ ಹೇಳಿದವನು ಈ ಅರಿಸ್ಟೋಡೆಮಸ್ಸನೇ ಎಂದು ಪ್ಲೇಟೋ ಕಥನವನ್ನು ರಚಿಸಿದ್ದಾನೆ. ಅವನ ಸ್ವಂತ ಭಾಷಣವೊಂದೂ ಅಲ್ಲಿ ವರದಿಯಾಗಿಲ್ಲ. ಕರೆಯಿಲ್ಲದೆ ಬಂದು ಮಾತಿಲ್ಲದೆ ಕುಳಿತವನೇ ಆ ಕೂಟಕ್ಕೆ ಸಾಕ್ಷಿಯಾದನು.

೨. ಪ್ಲುಟಾರ್ಕನ ಚರ್ಚೆ

ಮೇಲಿನ ಎರಡು ಉದಾಹರಣೆಗಳೂ ಔತಣಕ್ಕೆ ಸಂಬಂಧಪಟ್ಟವು. ಮದುವೆಯ ಅತಿಥಿಗಳನ್ನೇ ಕುರಿತ ವಿಚಾರ ಪ್ಲುಟಾರ್ಕನಲ್ಲಿ ದೊರೆಯುತ್ತದೆ. ಈತನು ಕ್ರಿ. ಶ. ಒಂದನೆಯ ಶತಮಾನದ ನಡುವಿನಲ್ಲಿ ಗ್ರೀಸಿನ ಕೆರೋನಿಯ ಎಂಬ ಊರಿನಲ್ಲಿ ಹುಟ್ಟಿದವನು. ಪಾನಗೋಷ್ಠಿಯ ಪ್ರಶ್ನೋತ್ತರಗಳನ್ನು ಸಂಗ್ರಹಿಸಿ ಒಂಬತ್ತು ಪುಸ್ತಕಗಳ ಒಂದು ಗ್ರಂಥವನ್ನು ರಚಿಸಿದ್ದಾನೆ. ಅದರ ನಾಲ್ಕನೆಯ ಪುಸ್ತಕದಲ್ಲಿ ತನ್ನ ಮಗ ಆಟೊಬುಲಸ್‌ನ ಮದುವೆಯ ಪ್ರಸಂಗ ಬರುತ್ತದೆ. ಮಿಕ್ಕೆಲ್ಲ ಔತಣಗಳಿಗಿಂತ ಮದುವೆಯ ಊಟಕ್ಕೆ ಹೆಚ್ಚು ಜನರನ್ನು ಕರೆಯುವುದೇಕೆ ಎಂಬ ಪ್ರಶ್ನೆಯನ್ನು ಅಲ್ಲಿಗೆ ಬಂದಿದ್ದ ಸೋಸಿಯಸ್ ಸೆನೆಶಿಯೋ ಎಂಬ ರೋಮನ್ ಗಣ್ಯನು ಎತ್ತುತ್ತಾನೆ.

ಚರ್ಚೆಯಲ್ಲಿ ಮೂರು ಉತ್ತರಗಳು ಬರುತ್ತವೆ. ಮೊದಲನೆಯದು ಅಬ್ಡೆರದ ಹೆಕಟೀಯಸ್ ಎಂಬ ಹಳೆಯ ತತ್ತ್ವಜ್ಞಾನಿಯದು: ಸ್ವತಂತ್ರ ಕುಲದ ವರನು ಸ್ವತಂತ್ರ ಕುಲದ ವಧುವನ್ನು ವರಿಸುತ್ತಿದ್ದಾನೆಂಬುದಕ್ಕೆ ಬಹುಮಂದಿ ಸಾಕ್ಷಿಗಳಿರಲೆಂದು ಜನರನ್ನು ಕರೆಯುತ್ತಾರೆ. ಸೆನೆಶಿಯೋವಿಗೆ ಈ ಉತ್ತರ ಒಪ್ಪಿಗೆಯಾಗುವುದಿಲ್ಲ. ಎರಡನೆಯದು ಇದು: ಮಿಕ್ಕ ಊಟಗಳನ್ನು ಮರೆಯಲ್ಲಿ ನಡೆಸಬಹುದು, ಮದುವೆಯನ್ನಾದರೋ ಹಾಡು, ಪಂಜು, ಕೊಳಲುಗಳು ಊರಿಗೆಲ್ಲ ಸಾರುತ್ತವೆ, ಗೊತ್ತಾದ ಮೇಲೆ ಯಾರನ್ನು ಬಿಟ್ಟರೂ ನಾಚಿಕೆ, ಆದ್ದರಿಂದ ಎಲ್ಲರನ್ನೂ ಕರೆಯುತ್ತಾರೆ. ಮೂರನೆಯದು ಥಿಯಾನ್ ಎಂಬವನದು. ಮದುವೆಯಲ್ಲಿ ಎರಡು ಮನೆತನಗಳು ಒಂದಾಗುವುದರಿಂದ ಕೊಡುವವರೂ ತರುವವರೂ ಪರಸ್ಪರರ ಬಂಧುಮಿತ್ರರನ್ನು ಸತ್ಕರಿಸಬೇಕಾಗಿ ಸಂಖ್ಯೆ ಇಮ್ಮಡಿಯಾಗುತ್ತದೆ. ಅಲ್ಲದೆ, ಮದುವೆಯ ಕಾರ್ಯಗಳಲ್ಲಿ ಬಹುಭಾಗ ಸ್ತ್ರೀಯರಿಂದ ನಡೆಯತಕ್ಕವು. ಸ್ತ್ರೀಯರು ಬಂದ ಮೇಲೆ ಅವರ ಗಂಡಂದಿರನ್ನೂ ಸೇರಿಸಿಕೊಳ್ಳಲೇಬೇಕು.

ಈ ಕೊನೆಯ ವಾಕ್ಯ ನಮ್ಮ ವಿಷಯಕ್ಕೆ ನೇರವಾಗಿ ಅನ್ವಯಿಸುತ್ತದೆ. ಹೆಂಡತಿಗೆ ಮದುವೆಮನೆಯಲ್ಲಿ ಕೆಲಸವಿದೆ, ಆದ್ದರಿಂದ ಗಂಡನು ಬಂದಿದ್ದಾನೆ. ಅವನು ಅಲ್ಲಿಯ ಯಾರಿಗೂ ಸೇರಿದವನಲ್ಲ. ಸುಮಾರು ಹತ್ತೊಂಬತ್ತು ಶತಮಾನಗಳ ಹಿಂದೆಯೇ ಪ್ಲುಟಾರ್ಕನು ಅವನನ್ನು ಗುರುತಿಸಿ, ಅವನು ಬರುವುದು ಅನಿವಾರ್ಯವೆಂದು ಹೇಳಿದ್ದಾನೆ.

೩. ಸಾಕ್ಷಿಯ ಅಗತ್ಯ

ಸೆನೆಶಿಯೋ ತಳ್ಳಿಹಾಕಿದ ಹೆಕಟೀಯಸ್‌ನ ಉತ್ತರವನ್ನು ಇತಿಹಾಸದ ವಿದ್ಯಾರ್ಥಿಗಳು ಅಷ್ಟು ಸುಲಭವಾಗಿ ಬಿಡುವಂತಿಲ್ಲ. ಅಥೆನ್ಸಿನಲ್ಲಿ ಕ್ರಿ. ಪೂ. ೪೫೧ರಲ್ಲಿ ಪೆರಿಕ್ಲೀಸನ ಸೂಚನೆಯಂತೆ ವಿಧಿಸಿದ ಶಾಸನದ ಪ್ರಕಾರ ತಾಯಿತಂದೆಗಳಿಬ್ಬರೂ ಪೌರರಾಗಿದ್ದವರಿಗೆ ಮಾತ್ರ ಪೌರತ್ವ ದೊರೆಯುತ್ತಿತ್ತು. ಆದರೆ ಆ ನಗರದಲ್ಲಿ ವಿವಾಹಗಳ ದಾಖಲೆ ಪುಸ್ತಕವೆಂಬುದೇ ಇರಲಿಲ್ಲ. ಮೂವತ್ತು ನಲವತ್ತು ವರ್ಷಗಳ ಅನಂತರ ಆಸ್ತಿಯ ವಿವಾದವೆದ್ದಾಗ, ಸತ್ತವನ ಮಗಳು ವಿಧಿಪ್ರಕಾರ ವಿವಾಹವಾದವಳೆಂದು ಸ್ಥಾಪಿಸುವುದು ಹೇಗೆ?

ಕ್ರಿ. ಪೂ. ನಾಲ್ಕನೆಯ ಶತಮಾನದ ನ್ಯಾಯಭಾಷಣಕಾರನಾದ ಐಸೀಯಸ್‌ನು ಕಿರಾನ್ ಎಂಬವನ ಆಸ್ತಿಯ ವಿಷಯವಾಗಿ ರಚಿಸಿದ ಭಾಷಣದಲ್ಲಿ ಇದಕ್ಕೆ ಉತ್ತರವಿದೆ. ತನ್ನ ತಾಯಿಯ ಹುಟ್ಟು ನ್ಯಾಯಬದ್ಧವಾದದ್ದೆಂದು ತೋರಿಸಲು ವಾದಿಯು ಕೊಡುವ ಆಧಾರಗಳಲ್ಲಿ ಇದೂ ಒಂದು: ತನ್ನ ತಂದೆಯು ಆಕೆಯನ್ನು ವರಿಸಿದಾಗ ವಿವಾಹಭೋಜನವನ್ನು ಏರ್ಪಡಿಸಿ, ಬಂಧುಗಳಲ್ಲದೆ ಮೂವರು ಮಿತ್ರರನ್ನೂ ಕರೆದಿದ್ದನು, ತನ್ನ ಕುಲಸಂಘದವರಿಗೂ ಔತಣ ಕೊಟ್ಟಿದ್ದನು. ಆ ಊಟಕ್ಕೆ ಬಂದವರ ನೆನಪೇ ಮೊಮ್ಮಕ್ಕಳ ಹಕ್ಕಿಗೆ ದಾಖಲೆ. ಬಂಧುಗಳಾದರೆ ಆಸ್ತಿಯಲ್ಲಿ ಪಾಲಿನ ಆಸೆಯಿಂದ ಪಕ್ಷಪಾತಿಗಳಾದಾರು. ಹೊರಗಿನವನ ಮಾತಿಗೆ ಆ ದೋಷವಿಲ್ಲ. ಇದರಿಂದ, ಎರಡೂ ಕಡೆಗೆ ಸೇರದಿರುವುದು ನ್ಯೂನತೆಯಲ್ಲವೆಂದೂ, ಸಾಕ್ಷಿಗೆ ಅದೇ ಒಂದು ಅರ್ಹತೆಯೆಂದೂ ವಿದಿತವಾಗುತ್ತದೆ.

೪. ಅತಿಥಿಗಳ ಎಣಿಕೆ

ಅತಿಥಿಗಳ ಸಂಖ್ಯೆಯನ್ನು ಮಿತಿಗೊಳಿಸುವ ಪ್ರಯತ್ನವೂ ಹೊಸದಲ್ಲ. ಪ್ಲೇಟೋ ತನ್ನ ‘ಲಾಸ್’ ಎಂಬ ಗ್ರಂಥದ ಆರನೆಯ ಪುಸ್ತಕದಲ್ಲಿ, ವಧೂವರರ ಒಂದೊಂದು ಕಡೆಗೂ ಐವರು ಮಿತ್ರರು, ಅಷ್ಟೇ ಮಂದಿ ಬಂಧುಗಳು ಎಂಬ ಬಗೆಯ ಕಟ್ಟಳೆಯನ್ನು ಸೂಚಿಸುತ್ತಾನೆ. ಅಥೆನ್ಸಿನಲ್ಲಿ ಒಂದು ಕಾಲಕ್ಕೆ ಮೂವತ್ತು ಅತಿಥಿಗಳ ಮಿತಿಯಿದ್ದು, ಅದನ್ನು ಪರೀಕ್ಷಿಸಲು ಅಧಿಕಾರಿಗಳು ಮದುವೆಮನೆಗೆ ಬಂದು ತಲೆಯೆಣಿಸುತ್ತಿದ್ದರು. ಕ್ರಿ. ಶ. ೨೦೦ರ ಸುಮಾರಿನ ಲೇಖಕನಾದ ಅಥೀನಿಯಸ್ ಈ ಸಂಬಂಧವಾಗಿ ಒಂದು ಸ್ವಾರಸ್ಯವಾದ ಕಥೆಯನ್ನು ಹೇಳುತ್ತಾನೆ. ಕೇರೆಫಾನ್ ಎಂಬ ಪರಾನ್ನಜೀವಿ ಒಂದು ಮದುವೆಗೆ ಕರೆಯಿಲ್ಲದೆ ಹೋಗಿ ಪಂಕ್ತಿಯ ಕೊನೆಯಲ್ಲಿ ಕುಳಿತನು. ಎಣಿಸಿದ ಅಧಿಕಾರಿಗಳು ಮಿತಿಗಿಂತ ಒಬ್ಬನು ಹೆಚ್ಚಾದನೆಂದು ಅವನನ್ನು ಏಳಿಸಲು ಹೊರಟಾಗ, ತನ್ನಿಂದ ಮೊದಲುಮಾಡಿ ಮತ್ತೊಮ್ಮೆ ಎಣಿಸಬೇಕೆಂದು ಅವನು ಕೇಳಿಕೊಂಡನಂತೆ. ಎಣಿಕೆ ಬಂದಲ್ಲಿ ಹೊರಗೆ ಹೋಗಬೇಕಾದವನು ಕೊನೆಯಲ್ಲಿರುವವನೇ ಎಂಬ ಸತ್ಯ ಈ ಹಾಸ್ಯದಲ್ಲಿದೆ.

ನಮ್ಮ ದೇಶದಲ್ಲಿಯೂ ಈ ಸತ್ಯದ ಅನುಭವವಾಗಿದೆ. ೨೦೨೦ರ ಮೇ ತಿಂಗಳಲ್ಲಿ ಸಾಂಕ್ರಾಮಿಕ ರೋಗದ ನಿಮಿತ್ತ ಮದುವೆಯ ಅತಿಥಿಗಳು ಐವತ್ತು ಮಂದಿಗೆ ಮೀರಬಾರದೆಂದು ಕೇಂದ್ರ ಸರ್ಕಾರ ವಿಧಿಸಿತು. ಐವತ್ತರ ಪಟ್ಟಿಯನ್ನು ಬರೆಯಲು ಕುಳಿತ ಮನೆಯವರು ಮೊದಲು ಬಿಟ್ಟದ್ದು ಯಾರನ್ನೆಂದು ಊಹಿಸುವುದು ಕಷ್ಟವಲ್ಲ. ಒಡಹುಟ್ಟಿದವರು, ದಾಯಾದಿಗಳು, ಬೀಗರು ಉಳಿದರು. ಸಂಗಾತಿಯಾಗಿ ಬರಬಹುದಾಗಿದ್ದ ಅಪರಿಚಿತನಿಗೆ ಎಡೆಯಿಲ್ಲವಾಯಿತು.

೫. ನಮ್ಮ ನಾಡಿನ ಪದ್ಧತಿ

ಎಣಿಕೆಯ ನಿರ್ಬಂಧವಿಲ್ಲದ ಕಾಲದಲ್ಲಿ ಕನ್ನಡನಾಡಿನ ಮದುವೆಮನೆ ಅಪರಿಚಿತನನ್ನು ಹೇಗೆ ನಡೆಸಿಕೊಳ್ಳುತ್ತದೆ? ಮೊದಲು ಲಗ್ನಪತ್ರಿಕೆಯನ್ನೇ ನೋಡಬಹುದು. ‘ಸಕುಟುಂಬ ಪರಿವಾರ ಸಮೇತರಾಗಿ’ ದಯಮಾಡಿಸಬೇಕೆಂಬ ರೂಢಿಯ ಮಾತು ನಮಗೆಲ್ಲ ಪರಿಚಿತ. ಕುಟುಂಬವೆಂದರೆ ಮನೆಯವರು, ಪರಿವಾರವೆಂದರೆ ಸುತ್ತಮುತ್ತ ಇರುವವರು. ಎರಡು ಶಬ್ದಗಳನ್ನೂ ಸೇರಿಸಿ ಬರೆಯುವುದರಿಂದ, ಮನೆಯವರಲ್ಲದ ಜೊತೆಗಾರರಿಗೂ ಬಾಗಿಲು ತೆರೆದಿದೆಯೆಂದು ಅರ್ಥವಾಗುತ್ತದೆ. ಅಪರಿಚಿತ ಪ್ರದೇಶದ ಗಣ್ಯನನ್ನು ಕರೆಯುವಾಗ ಸಂಗಾತಿಗಳನ್ನೂ ಕರೆತರುವಂತೆ ಹೇಳಿ, ಆದರೆ ಸಂಖ್ಯೆಯನ್ನು ಮೊದಲೇ ಗೊತ್ತುಮಾಡುವುದು ಒಳ್ಳೆಯದೆಂದು ಪ್ಲುಟಾರ್ಕನು ಏಳನೆಯ ಪುಸ್ತಕದಲ್ಲಿ ಬುದ್ಧಿ ಹೇಳುತ್ತಾನೆ. ನಮ್ಮ ಲಗ್ನಪತ್ರಿಕೆಗೆ ಆ ಎಚ್ಚರಿಕೆಯೂ ಇಲ್ಲ.

ಧರ್ಮಶಾಸ್ತ್ರದ ‘ಅತಿಥಿ’ ಶಬ್ದವೂ ವಿಚಾರಾರ್ಹವಾಗಿದೆ. ಮನುಸ್ಮೃತಿಯ ಮೂರನೆಯ ಅಧ್ಯಾಯವು ಒಂದು ರಾತ್ರಿ ಮಾತ್ರ ತಂಗುವವನನ್ನು ಅತಿಥಿಯೆಂದು ಕರೆದು, ಒಂದೇ ಊರಿನವನನ್ನು ಆ ಹೆಸರಿನಿಂದ ಹೊರತುಪಡಿಸುತ್ತದೆ. ಆ ವಿಧಿಗಳು ವರ್ಣವ್ಯವಸ್ಥೆಯ ಚೌಕಟ್ಟಿನೊಳಗಿನವು. ಅಲ್ಲಿ ಮೊದಲು ಹೇಳಿರುವುದು ಬ್ರಾಹ್ಮಣ ಅತಿಥಿಯನ್ನು ಕುರಿತು ಎಂಬುದನ್ನು ಮರೆಯುವಂತಿಲ್ಲ. ಆದರೂ ಶಬ್ದದ ಅರ್ಥಸೀಮೆ ಸ್ಪಷ್ಟವಾಗಿದೆ. ನಂಟರೂ ನೆರೆಯವರೂ ಆ ಅರ್ಥದಲ್ಲಿ ಅತಿಥಿಗಳಲ್ಲ. ಗುರುತಿಲ್ಲದೆ ಬಂದು ಊಟಮಾಡಿ ಹೋಗುವವನೇ ನಿಜವಾದ ಅತಿಥಿ.

ಆಚರಣೆಯಲ್ಲಿಯೂ ಇದಕ್ಕೆ ಆಧಾರಗಳಿವೆ. ಹಳೆಯ ಮೈಸೂರು ಕಡೆಯ ಮದುವೆಗಳಲ್ಲಿ ಬಾಗಿಲಿನಲ್ಲಿ ಪನ್ನೀರೆರಚಿ ಕಲ್ಲುಸಕ್ಕರೆ ಕೊಡುವವರು ಬಂದವರ ಪಕ್ಷವನ್ನು ಕೇಳುವುದಿಲ್ಲ. ಬಂದ ಹೆಂಗಸರಿಗೆ ಅರಿಶಿನ ಕುಂಕುಮ, ತಾಂಬೂಲಗಳನ್ನು ಕೊಡುವಾಗಲೂ ಹಾಗೆಯೇ. ಮಾಂಗಲ್ಯಧಾರಣೆಯ ಮುಂಚೆ ಹಂಚುವ ಅಕ್ಷತೆ ಅಪರಿಚಿತನ ಕೈಗೂ ಬರುತ್ತದೆ. ಗಟ್ಟಿಮೇಳ ಮೊಳಗಿದಾಗ ಅವನೂ ಎಲ್ಲರಂತೆ ಅದನ್ನು ತಳಿಯುತ್ತಾನೆ. ಅಕ್ಷತೆ ಆಶೀರ್ವಾದದ ಕುರುಹಾಗಿರುವಂತೆಯೇ, ಕಣ್ಣಾರೆ ಕಂಡೆನೆಂಬುದರ ಕುರುಹೂ ಆಗಿದೆಯೆಂದು ಭಾವಿಸಲು ಅವಕಾಶವಿದೆ. ಇದಕ್ಕೆ ಅಪವಾದ ಮುಯ್ಯಿಯ ಪುಸ್ತಕ. ಉಡುಗೊರೆಯ ಲೆಕ್ಕವನ್ನು ಕರೆತಂದವರ ಹೆಸರಿನಲ್ಲಿ ಬರೆಯುವುದರಿಂದ ಸಂಗಾತಿಯ ಹೆಸರು ಅದರಲ್ಲಿ ಕಾಣುವುದಿಲ್ಲ. ಮಂತ್ರ ಅವನನ್ನು ಸೇರಿಸಿಕೊಳ್ಳುತ್ತದೆ, ಲೆಕ್ಕ ಬಿಟ್ಟುಬಿಡುತ್ತದೆ.

ಆಡಂಬರವನ್ನೂ ಪೌರೋಹಿತ್ಯವನ್ನೂ ತ್ಯಜಿಸಿ ಕುವೆಂಪು ಅವರು ರೂಪಿಸಿದ ‘ಮಂತ್ರಮಾಂಗಲ್ಯ’ ಪದ್ಧತಿಯಲ್ಲಿ ಈ ಅಂಶ ಇನ್ನೂ ಸ್ಪಷ್ಟವಾಗುತ್ತದೆ. ೧೯೬೬ರಲ್ಲಿ ಅವರ ಮಗ ಪೂರ್ಣಚಂದ್ರ ತೇಜಸ್ವಿಯವರ ವಿವಾಹ ಈ ಕ್ರಮದಲ್ಲಿ ನಡೆಯಿತು. ಪುರೋಹಿತನಿಲ್ಲದೆ ವಧೂವರರು ಪ್ರತಿಜ್ಞೆ ಸ್ವೀಕರಿಸುವಲ್ಲಿ, ಎದುರಿಗೆ ನೆರೆದ ಜನರ ಸಮ್ಮುಖವೇ ವಿವಾಹಕ್ಕೆ ಬಲ.

೬. ಸ್ಮರಣೆಯಿಂದ ದಾಖಲೆಗೆ

ಹೀಗೆ ಜನರ ಕಣ್ಣಿನಲ್ಲಿದ್ದ ಸಾಕ್ಷ್ಯವು ಕ್ರಮೇಣ ಕಾಗದಕ್ಕೆ ವರ್ಗವಾಯಿತು. ಯೂರೋಪಿನಲ್ಲಿ ಗುಪ್ತವಿವಾಹಗಳಿಂದ ಉಂಟಾದ ತೊಡಕುಗಳನ್ನು ನಿವಾರಿಸಲು ಟ್ರೆಂಟ್ ನಗರದ ಧರ್ಮಸಭೆಯು ೧೫೬೩ರಲ್ಲಿ, ಪಾದ್ರಿಯಲ್ಲದೆ ಇಬ್ಬರು ಅಥವಾ ಮೂವರು ಸಾಕ್ಷಿಗಳಿರಬೇಕೆಂದು ವಿಧಿಸಿತು. ಇಂಗ್ಲೆಂಡಿನಲ್ಲಿ ೧೭೫೩ರಲ್ಲಿ ಅಂಗೀಕೃತವಾಗಿ ಮರುವರ್ಷ ಜಾರಿಗೆ ಬಂದ ಶಾಸನವು ಕನಿಷ್ಠ ಇಬ್ಬರು ಸಾಕ್ಷಿಗಳನ್ನೂ ದಾಖಲೆ ಪುಸ್ತಕದಲ್ಲಿ ಅವರ ರುಜುವನ್ನೂ ಕಡ್ಡಾಯಮಾಡಿತು. ಭಾರತದ ೧೯೫೪ರ ವಿಶೇಷ ವಿವಾಹ ಶಾಸನ ಮೂವರು ಸಾಕ್ಷಿಗಳನ್ನು ಕೇಳುತ್ತದೆ. ಅವರು ಬಂಧುಗಳೇ ಆಗಿರಬೇಕೆಂದು ಅದು ಹೇಳುವುದಿಲ್ಲ. ಹೆತ್ತವರ ಒಪ್ಪಿಗೆಯಿಲ್ಲದೆ, ಜಾತಿಮತಗಳ ಎಲ್ಲೆ ಮೀರಿ ಮದುವೆಯಾಗುವವರ ಪಾಲಿಗೆ ಈ ಮೌನಕ್ಕೆ ಎಷ್ಟು ಬೆಲೆಯಿದೆಯೆಂಬುದನ್ನು ವಿವರಿಸಬೇಕಾಗಿಲ್ಲ.

೧೯೫೫ರ ಹಿಂದೂ ವಿವಾಹ ಶಾಸನದ ಸ್ಥಿತಿ ಬೇರೆ. ಅದರ ಏಳನೆಯ ಕಲಮಿನಂತೆ ವಿವಾಹವು ಒಂದು ಪಕ್ಷದ ರೂಢಿಯ ವಿಧಿಗಳಿಂದ ನೆರವೇರತಕ್ಕದ್ದು. ಸಪ್ತಪದಿ ಸೇರಿದ್ದಲ್ಲಿ ಏಳನೆಯ ಹೆಜ್ಜೆಯಿಂದ ಅದು ಪೂರ್ಣವಾಗುತ್ತದೆ. ಮೊದಲ ಹೆಂಡತಿಯಿರುವಾಗ ಎರಡನೆಯ ಮದುವೆಯಾದವನ ಮೇಲಿನ ಮೊಕದ್ದಮೆಯೊಂದರಲ್ಲಿ ಸರ್ವೋಚ್ಚ ನ್ಯಾಯಾಲಯವು ೧೯೬೫ರಲ್ಲಿ, ಎರಡನೆಯ ವಿವಾಹದ ಅಗತ್ಯ ವಿಧಿಗಳು ನಡೆದುವೆಂಬುದು ಸ್ಥಾಪಿತವಾಗದೆ ಅಪರಾಧ ಸಿದ್ಧವಾಗದೆಂದು ತೀರ್ಪಿತ್ತಿತು. ಇದರ ಪರಿಣಾಮವನ್ನು ಆಲೋಚಿಸಬೇಕು. ವಂಚಿತಳಾದ ಮೊದಲ ಹೆಂಡತಿ ಆ ಮಂಟಪದಲ್ಲಿ ಇರಲಿಲ್ಲ. ಅಲ್ಲಿದ್ದವರು ಬಹುಮಟ್ಟಿಗೆ ಅವನ ಬಂಧುಗಳು. ಅವರಿಂದ ನಿಜವಾದ ಮಾತು ಹೊರಡುವುದು ದುರ್ಲಭ. ಅಗ್ನಿಸಾಕ್ಷಿ ಎನ್ನುತ್ತೇವೆ, ಆದರೆ ಅಗ್ನಿ ನ್ಯಾಯಾಲಯಕ್ಕೆ ಬಂದು ಸಾಕ್ಷಿ ನುಡಿಯಲಾರದು. ಅಂಥ ಸಂದರ್ಭದಲ್ಲಿ, ಎರಡೂ ಕಡೆಗೆ ಸೇರದೆ ಬಂದು, ಹೋಮವಾಯಿತೆ, ಏಳು ಹೆಜ್ಜೆ ಇಟ್ಟರೆ ಎಂಬುದನ್ನು ಕಂಡವನೊಬ್ಬನ ನೆನಪು ಒಬ್ಬ ಹೆಣ್ಣುಮಗಳ ನ್ಯಾಯಕ್ಕೆ ಆಧಾರವಾಗಬಲ್ಲದು. ಐಸೀಯಸ್‌ನ ಕಾಲದ ಅಥೆನ್ಸಿಗೂ ನಮಗೂ ಈ ವಿಷಯದಲ್ಲಿ ದೂರ ಹೆಚ್ಚಿಲ್ಲ.

೨೦೦೬ರಲ್ಲಿ ಸರ್ವೋಚ್ಚ ನ್ಯಾಯಾಲಯವು ವಿವಾಹಗಳ ನೋಂದಣಿಯನ್ನು ಕಡ್ಡಾಯಮಾಡಬೇಕೆಂದು ರಾಜ್ಯಗಳಿಗೆ ನಿರ್ದೇಶವಿತ್ತಿತು. ಕರ್ನಾಟಕದಲ್ಲಿ ೧೯೭೬ರ ನೋಂದಣಿ ಶಾಸನ ಅದಕ್ಕೆ ಮೊದಲೇ ಇತ್ತು. ನೋಂದಣಿ ಸಾಮಾನ್ಯವಾದಂತೆಲ್ಲ ಸಾಕ್ಷಿಯ ಕಾರ್ಯ ಕಛೇರಿಯ ಮೇಜಿಗೆ ಸರಿಯುತ್ತದೆ. ಮಂಟಪದಲ್ಲಿ ಕುಳಿತ ಅಪರಿಚಿತನಿಗೆ ತಾನು ಇಲ್ಲಿ ಏಕೆ ಇದ್ದೇನೆಂಬ ಸಂಕೋಚ ಹೆಚ್ಚುತ್ತದೆ. ಇಂದು ಅವನು ಅನುಭವಿಸುವ ಮುಜುಗರಕ್ಕೆ ವೈಯಕ್ತಿಕ ಸ್ವಭಾವವಷ್ಟೇ ಕಾರಣವಲ್ಲ. ಹಿಂದೆ ಅವನಿಗಿದ್ದ ಕೆಲಸವೊಂದು ಕೈತಪ್ಪಿದ್ದೂ ಕಾರಣವೆಂದು ತೋರುತ್ತದೆ.

೭. ಉಪಸಂಹಾರ

ಮೇಲಿನ ವಿವೇಚನೆಯಿಂದ, ಅತಿಥಿಯ ಸಂಗಾತಿಯು ಮದುವೆಗೆ ಅನವಶ್ಯಕನಾದ ಹೊರೆಯಲ್ಲವೆಂದೂ, ವಿವಾಹವೆಂಬುದು ಎರಡು ಮನೆಗಳ ಖಾಸಗಿ ವ್ಯವಹಾರವಾಗಿ ಮುಚ್ಚಿಹೋಗದೆ ಸಮಾಜದ ಎದುರಿನಲ್ಲಿ ನಡೆದ ಕಾರ್ಯವಾಗಲು ಅವನ ಸಾನ್ನಿಧ್ಯ ಸಹಾಯಕವೆಂದೂ ಹೇಳಬಹುದಾಗಿದೆ. ಬಲಾಟ್ರೋವಿನಂತೆ ಉಂಡ ಮನೆಯನ್ನು ಹಾಸ್ಯಮಾಡದೆ, ಅರಿಸ್ಟೋಡೆಮಸ್‌ನಂತೆ ಕಂಡದ್ದನ್ನು ನೆನಪಿಟ್ಟುಕೊಳ್ಳುವುದು ಅವನಿಗೆ ಶೋಭಿಸುವ ನಡತೆ. ಕರೆತಂದವರಿಗೂ ಒಂದು ಹೊಣೆಯಿದೆ: ಸಾಕ್ರಟೀಸನಂತೆ ಸಂಗಾತಿಯನ್ನು ಬಾಗಿಲಿನಲ್ಲಿ ಬಿಟ್ಟು ಹಿಂದುಳಿಯಬಾರದು.

ಕೊನೆಯದಾಗಿ, ಸ್ಥಳೀಯ ಇತಿಹಾಸವನ್ನು ಸಂಗ್ರಹಿಸುವ ವಿದ್ಯಾರ್ಥಿಗಳಿಗೆ ಒಂದು ಸೂಚನೆ. ಹಳೆಯ ಮದುವೆಗಳ ವಿಷಯ ವಿಚಾರಿಸುವಾಗ ನಾವು ಸಾಮಾನ್ಯವಾಗಿ ಮನೆಯ ಹಿರಿಯರನ್ನು ಕೇಳಿ, ಲಗ್ನಪತ್ರಿಕೆ, ಮುಯ್ಯಿಯ ಪುಸ್ತಕ, ಛಾಯಾಚಿತ್ರಗಳನ್ನು ನೋಡಿ ತೃಪ್ತರಾಗುತ್ತೇವೆ. ಛಾಯಾಚಿತ್ರದ ಅಂಚಿನಲ್ಲಿ ಮನೆಯವರಾರೂ ಹೆಸರು ಹೇಳಲಾರದ ಒಬ್ಬಿಬ್ಬರು ಇದ್ದೇ ಇರುತ್ತಾರೆ. ಅವರು ಯಾರ ಜೊತೆಯಲ್ಲಿ ಬಂದವರೆಂದು ವಿಚಾರಿಸಿ, ಸಾಧ್ಯವಾದಲ್ಲಿ ಅವರನ್ನು ಕಂಡು ಕೇಳಬೇಕು. ವರದಕ್ಷಿಣೆಗಾಗಿ ನಡೆದ ಮಾತು, ಊಟದ ಪಂಕ್ತಿಯಲ್ಲಿ ಮಾಡಿದ ಭೇದ, ವಧುವಿನ ಮುಖದಲ್ಲಿ ಕಂಡ ಸಂತೋಷ ಅಥವಾ ಭಯ, ಇವುಗಳನ್ನು ಮನೆಯವರು ಮರೆತಿರಬಹುದು, ಮರೆಮಾಚಿಯೂ ಇರಬಹುದು. ಮಾತಾಡಲು ಯಾರೂ ಇಲ್ಲದೆ ಮೂರು ಗಂಟೆಗಳ ಕಾಲ ಕುರ್ಚಿಯಲ್ಲಿ ಕುಳಿತು ನೋಡಿದವರಿಗೆ ಅವು ನೆನಪಿರುವ ಸಂಭವ ಹೆಚ್ಚು.